ಕಾಣಿಸಿಕೊಳ್ಳುವ ಹಕ್ಕು: ಜೋನ್ ಇ. ಬೈರೆನ್ ಅವರ ಸಾಕ್ಷ್ಯಚಿತ್ರಗಳು ಮತ್ತು ಸಮುದಾಯದ ಚರಿತ್ರೆ

ಪೀಠಿಕೆ

ಲಿಖಿತ ದಾಖಲೆಯನ್ನೇ ಪ್ರಮಾಣವೆಂದು ನಂಬಿದ ಚರಿತ್ರೆಯ ಬರವಣಿಗೆಯು ದಾಖಲೆಗಳನ್ನು ಬಿಟ್ಟುಹೋಗಲಾಗದ ಜನವರ್ಗಗಳನ್ನು ತನ್ನ ಹೊರಗೇ ಇರಿಸುತ್ತದೆ ಎಂಬ ಮಾತನ್ನು ಜಾನಪದ ಅಧ್ಯಯನವು ಬಹುಕಾಲದಿಂದ ಹೇಳುತ್ತ ಬಂದಿದೆ. ಅಕ್ಷರವಂಚಿತ ಸಮುದಾಯಗಳ ನೆನಪು, ಹಾಡು, ಐತಿಹ್ಯಗಳನ್ನು ಚರಿತ್ರೆಯ ಆಕರಗಳೆಂದು ಪರಿಗಣಿಸಬೇಕೆಂಬ ವಾದ ಹುಟ್ಟಿದ್ದೇ ಈ ಕೊರತೆಯಿಂದ. ಆದರೆ ಕೆಲವು ಸಮುದಾಯಗಳ ಸಮಸ್ಯೆ ಇದಕ್ಕಿಂತ ಭಿನ್ನವಾದುದು. ಅವರಲ್ಲಿ ಅಕ್ಷರವಿತ್ತು, ಪತ್ರಗಳಿದ್ದವು, ಛಾಯಾಚಿತ್ರಗಳೂ ಇದ್ದವು. ಇದ್ದ ಪತ್ರಗಳನ್ನು ಬರೆದವರೇ ಸುಟ್ಟರು, ಇಲ್ಲವೇ ಅವರ ಮರಣಾನಂತರ ಬಂಧುಗಳು ಸುಟ್ಟರು. ಚಿತ್ರದಲ್ಲಿ ಜೊತೆಗೆ ನಿಂತ ಇಬ್ಬರು ಸ್ತ್ರೀಯರ ಸಂಬಂಧವನ್ನು 'ಗೆಳತಿಯರು' ಎಂಬ ಒಂದೇ ಪದ ಮುಚ್ಚಿಹಾಕಿತು. ಸ್ತ್ರೀಯನ್ನು ಪ್ರೀತಿಸಿದ ಸ್ತ್ರೀಯರ ಚರಿತ್ರೆ ಇಂಥ ಅಳಿಸುವಿಕೆಯ ಚರಿತ್ರೆಯಾಗಿದೆ.

ಇಂಥ ಸಮುದಾಯವೊಂದು ತನ್ನ ಗತವನ್ನು ತಾನೇ ಕಟ್ಟಿಕೊಳ್ಳುವ ಬಗೆ ಯಾವುದು? ಅದಕ್ಕೆ ಪ್ರಮಾಣವಾಗುವುದು ಯಾವುದು? ಈ ಪ್ರಶ್ನೆಗಳನ್ನು ಅಮೆರಿಕದ ಛಾಯಾಗ್ರಾಹಕಿ, ಸಾಕ್ಷ್ಯಚಿತ್ರ ನಿರ್ಮಾಪಕಿ ಹಾಗೂ ಲೆಸ್ಬಿಯನ್ ಹೋರಾಟಗಾರ್ತಿ ಜೋನ್ ಇ. ಬೈರೆನ್ ಅವರ ಕೃತಿಗಳ ಮೂಲಕ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. ತಮ್ಮ ಹೆಸರಿನ ಮೊದಲಕ್ಷರಗಳನ್ನು ಕೂಡಿಸಿದ 'ಜೆಬ್' ಎಂಬ ಅಂಕಿತದಿಂದಲೇ ಅವರು ಹೆಚ್ಚು ಪರಿಚಿತರು.

ಪರಿಭಾಷೆಯ ಕುರಿತು ಒಂದು ಮಾತು ಅಗತ್ಯ. ಕನ್ನಡದಲ್ಲಿ ರೂಢಿಯಲ್ಲಿರುವ 'ಸಲಿಂಗಕಾಮಿ' ಎಂಬ ಪದವು ವೈದ್ಯಕೀಯ ಮತ್ತು ಕಾನೂನಿನ ಶಬ್ದಕೋಶದಿಂದ ಬಂದುದು. ಅದು ಇಡೀ ಬದುಕನ್ನು ಕಾಮವೆಂಬ ಒಂದೇ ಅಂಶಕ್ಕೆ ಇಳಿಸುತ್ತದೆ. ಮನೆ, ದುಡಿಮೆ, ಗೆಳೆತನ, ಮುಪ್ಪು, ರಾಜಕೀಯ ಇವೆಲ್ಲವನ್ನೂ ಒಳಗೊಂಡ ಸಮುದಾಯಜೀವನವನ್ನು ಸೂಚಿಸಲು ಅದು ಸಾಲದು. ಆದ್ದರಿಂದ ಆ ಸ್ತ್ರೀಯರು ತಮ್ಮನ್ನು ತಾವು ಕರೆದುಕೊಂಡ 'ಲೆಸ್ಬಿಯನ್' ಎಂಬ ಪದವನ್ನೇ ಇಲ್ಲಿ ಉಳಿಸಿಕೊಳ್ಳಲಾಗಿದೆ.

1. ಮಾತಿನಿಂದ ಚಿತ್ರದ ಕಡೆಗೆ

ಬೈರೆನ್ ಅವರು 1944ರಲ್ಲಿ ವಾಷಿಂಗ್ಟನ್ ನಗರದಲ್ಲಿ ಜನಿಸಿದರು. ಮೌಂಟ್ ಹೋಲಿಯೋಕ್ ಮಹಿಳಾ ಕಾಲೇಜಿನಲ್ಲಿ ರಾಜ್ಯಶಾಸ್ತ್ರವನ್ನು ಓದಿ 1966ರಲ್ಲಿ ಪದವಿ ಪಡೆದರು. ಅನಂತರ ಆಕ್ಸ್‌ಫರ್ಡ್‌ನಲ್ಲಿ ಉನ್ನತ ವ್ಯಾಸಂಗವನ್ನು ಆರಂಭಿಸಿ ಅದನ್ನು ಅರ್ಧಕ್ಕೆ ಬಿಟ್ಟು ಸ್ವದೇಶಕ್ಕೆ ಮರಳಿದರು. ಮುಂದೆ ವಾಷಿಂಗ್ಟನ್ನಿನ ಅಮೆರಿಕನ್ ವಿಶ್ವವಿದ್ಯಾಲಯದಲ್ಲಿ ಸಂವಹನ ವಿಷಯದಲ್ಲಿ ಸ್ನಾತಕೋತ್ತರ ಪದವಿ ಪಡೆದರು. ವಿದ್ವತ್ತಿನ ದಾರಿಯಲ್ಲಿ ಸಾಗಬಹುದಾಗಿದ್ದ ಅವರನ್ನು ಆ ಕಾಲದ ಚಳವಳಿಗಳು ಬೇರೆಡೆಗೆ ಕರೆದೊಯ್ದವು.

1971ರಲ್ಲಿ ವಾಷಿಂಗ್ಟನ್ನಿನಲ್ಲಿ ರೂಪುಗೊಂಡ 'ದಿ ಫ್ಯೂರೀಸ್' ಎಂಬ ಲೆಸ್ಬಿಯನ್ ಸ್ತ್ರೀವಾದಿ ಕೂಟದ ಹನ್ನೆರಡು ಸದಸ್ಯೆಯರಲ್ಲಿ ಬೈರೆನ್ ಒಬ್ಬರು. ಷಾರ್ಲೆಟ್ ಬಂಚ್, ರೀಟಾ ಮೇ ಬ್ರೌನ್ ಮೊದಲಾದವರು ಈ ಕೂಟದಲ್ಲಿದ್ದರು. ಒಂದೇ ಸೂರಿನಡಿ ಬಾಳುವುದು, ಗಳಿಕೆಯನ್ನು ಹಂಚಿಕೊಳ್ಳುವುದು, ಸ್ವಂತ ಪತ್ರಿಕೆಯ ಮೂಲಕ ಸಿದ್ಧಾಂತವನ್ನು ಮಂಡಿಸುವುದು ಅವರ ಕಾರ್ಯವಿಧಾನವಾಗಿತ್ತು. ಕೂಟವು ಹೆಚ್ಚುಕಾಲ ಉಳಿಯಲಿಲ್ಲ. 1972ರ ಜನವರಿಯಲ್ಲಿ ಆರಂಭವಾದ ಪತ್ರಿಕೆಯು 1973ರ ನಡುಭಾಗದವರೆಗೆ ನಡೆಯಿತು. ಆದರೂ ಸ್ತ್ರೀವಾದಿ ಚಿಂತನೆಯಲ್ಲಿ ವರ್ಗಭೇದದ ಪ್ರಶ್ನೆಯನ್ನು ಗಟ್ಟಿಯಾಗಿ ಎತ್ತಿದ ಕೀರ್ತಿ ಅದಕ್ಕೆ ಸಲ್ಲುತ್ತದೆ. ನಿರರ್ಗಳವಾಗಿ ಮಾತನಾಡುವ, ಬರೆಯುವ ಕೌಶಲವೂ ಶಿಕ್ಷಿತ ಮಧ್ಯಮವರ್ಗಕ್ಕೆ ದಕ್ಕಿದ ಸವಲತ್ತು ಎಂಬ ಅರಿವು ಈ ಚರ್ಚೆಯ ಫಲಗಳಲ್ಲಿ ಒಂದು. ಓದಿನಲ್ಲಿ ಮುಂದಿದ್ದ ಬೈರೆನ್ ಅವರು ಬರವಣಿಗೆಯನ್ನು ಆಶ್ರಯಿಸದೆ ಕ್ಯಾಮರಾವನ್ನು ಹಿಡಿದುದನ್ನು ಈ ಹಿನ್ನೆಲೆಯಲ್ಲಿಟ್ಟು ನೋಡಬೇಕು.

1970ರಲ್ಲಿ ಅವರು ತೆಗೆದ ಮೊದಲ ಚಿತ್ರಗಳಲ್ಲೊಂದು ಈ ಮಾತಿಗೆ ನಿದರ್ಶನವಾಗಿದೆ. ಇಬ್ಬರು ಸ್ತ್ರೀಯರು ಮುತ್ತಿಡುವ ಚಿತ್ರವನ್ನು ಅವರು ಅದುವರೆಗೆ ಕಂಡಿರಲಿಲ್ಲ. ನೋಡಬೇಕೆಂಬ ಆಸೆಯಿತ್ತು. ಅಂಥ ಚಿತ್ರಕ್ಕೆ ನಿಲ್ಲಿರೆಂದು ಕೇಳಬಹುದಾದವರು ಯಾರೂ ಇರಲಿಲ್ಲ. ಎರವಲು ತಂದ ಕ್ಯಾಮರಾವನ್ನು ತೋಳಿನಳತೆಯ ದೂರದಲ್ಲಿ ತಮ್ಮ ಕಡೆಗೇ ತಿರುಗಿಸಿ ಹಿಡಿದು, ತಮ್ಮ ಮತ್ತು ಸಂಗಾತಿಯ ಚಿತ್ರವನ್ನು ಅವರೇ ತೆಗೆದರು. ಚಿತ್ರ ತೆಗೆಯುವವಳು, ಚಿತ್ರದಲ್ಲಿರುವವಳು, ಅದನ್ನು ನೋಡಬಯಸುವವಳು ಈ ಮೂವರೂ ಇಲ್ಲಿ ಒಬ್ಬಳೇ. ಬೈರೆನ್ ಅವರ ಮುಂದಿನ ಕೆಲಸವನ್ನು ಈ ಮೂರು ಸ್ಥಾನಗಳು ಒಂದೇ ಸಮುದಾಯದೊಳಗೆ ಇರುವಂತೆ ನೋಡಿಕೊಳ್ಳುವ ಪ್ರಯತ್ನವೆಂದು ವಿವರಿಸಬಹುದು.

2. ಹೆಸರು, ಊರು, ಒಪ್ಪಿಗೆ

1979ರಲ್ಲಿ ಪ್ರಕಟವಾದ 'ಐ ಟು ಐ: ಪೋರ್ಟ್ರೇಟ್ಸ್ ಆಫ್ ಲೆಸ್ಬಿಯನ್ಸ್' ಬೈರೆನ್ ಅವರ ಮೊದಲ ಗ್ರಂಥ. ಲೆಸ್ಬಿಯನ್ನರನ್ನು ಲೆಸ್ಬಿಯನ್ ಒಬ್ಬರು ಬಹಿರಂಗವಾಗಿ ಚಿತ್ರಿಸಿದ, ಅಮೆರಿಕದಲ್ಲಿ ಪ್ರಕಟವಾದ ಮೊದಲ ಛಾಯಾಚಿತ್ರ ಸಂಪುಟವೆಂದು ಅದನ್ನು ಸಾಮಾನ್ಯವಾಗಿ ಗುರುತಿಸಲಾಗುತ್ತದೆ. 'ಗ್ಲ್ಯಾಡ್ ಹ್ಯಾಗ್ ಬುಕ್ಸ್' ಎಂಬ ಸ್ವಂತ ಪ್ರಕಾಶನದಿಂದ, ಸಮುದಾಯದವರ ನೆರವಿನಿಂದ ಅವರು ಅದನ್ನು ಹೊರತಂದರು. 2021ರಲ್ಲಿ ಅದು ಮರುಮುದ್ರಣಗೊಂಡಿತು.

ಗ್ರಂಥದ ಚಿತ್ರಗಳಲ್ಲಿ ಬೆರಗುಗೊಳಿಸುವಂಥದು ಏನೂ ಇಲ್ಲ. ಸ್ತ್ರೀಯರು ಕೆಲಸದಲ್ಲಿ ತೊಡಗಿದ್ದಾರೆ, ಸಂಗಾತಿಯೊಡನೆ ಕುಳಿತಿದ್ದಾರೆ, ಮಕ್ಕಳೊಂದಿಗಿದ್ದಾರೆ. ಕರಿಯರು, ಬಿಳಿಯರು, ಹರೆಯದವರು, ವಯಸ್ಸಾದವರು ಎಲ್ಲರೂ ಇದ್ದಾರೆ. ಈ ಸಾಮಾನ್ಯತೆಯೇ ಗ್ರಂಥದ ಪ್ರತಿಪಾದನೆ. ಅದುವರೆಗೆ ಲೆಸ್ಬಿಯನ್ನಳ ದೃಶ್ಯರೂಪ ಎರಡೇ ಬಗೆಯದಾಗಿತ್ತು. ಒಂದು, ಪುರುಷನ ನೋಟಕ್ಕಾಗಿ ಸಿದ್ಧಪಡಿಸಿದ ಕಾಮಪ್ರಚೋದಕ ಚಿತ್ರ. ಇನ್ನೊಂದು, ಮನೋವೈದ್ಯಶಾಸ್ತ್ರದ ರೋಗಿಯ ಚಿತ್ರ. ಅಮೆರಿಕದ ಮನೋವೈದ್ಯರ ಸಂಘವು ಸಲಿಂಗಪ್ರೇಮವನ್ನು ರೋಗಗಳ ಪಟ್ಟಿಯಿಂದ ತೆಗೆದುಹಾಕಲು ತೀರ್ಮಾನಿಸಿದ್ದು 1973ರ ಡಿಸೆಂಬರಿನಲ್ಲಿ. ಅಂದರೆ ಈ ಗ್ರಂಥಕ್ಕೆ ಆರು ವರ್ಷಗಳ ಹಿಂದೆ. ಹೀಗಿರುವಾಗ ಅಡುಗೆಮನೆಯಲ್ಲಿ ನಗುತ್ತಿರುವ ಇಬ್ಬರು ಸ್ತ್ರೀಯರ ಚಿತ್ರವು ಕೇವಲ ಗೃಹಚಿತ್ರವಾಗಿ ಉಳಿಯುವುದಿಲ್ಲ.

ಜಾನಪದ ಸಂಶೋಧಕರ ಗಮನ ಸೆಳೆಯಬೇಕಾದುದು ಚಿತ್ರಗಳ ಕೆಳಗಿನ ವಿವರ. ಅಲ್ಲಿ ವ್ಯಕ್ತಿಯ ಹೆಸರು, ಊರು, ವರ್ಷ ಇವೆ. ಕುಲನಾಮವಿಲ್ಲ. ಚಿತ್ರದೊಂದಿಗೆ ಆ ಸ್ತ್ರೀಯರ ಮಾತುಗಳೂ ಬರುತ್ತವೆ. ಕ್ಷೇತ್ರಕಾರ್ಯದಲ್ಲಿ ವಕ್ತೃವಿನ ಹೆಸರು, ಊರು, ಕಾಲಗಳನ್ನು ಬರೆದಿಟ್ಟುಕೊಳ್ಳುವ ಕ್ರಮಕ್ಕೆ ಇದು ತೀರ ಹತ್ತಿರವಾದುದು. ವ್ಯತ್ಯಾಸವಿರುವುದು ಈ ವಿವರಗಳು ಹೊರುವ ಅಪಾಯದಲ್ಲಿ. ಅಂದಿನ ಅಮೆರಿಕದಲ್ಲಿ ಲೆಸ್ಬಿಯನ್ ಎಂದು ಗುರುತಿಸಲ್ಪಟ್ಟವಳು ಉದ್ಯೋಗವನ್ನೂ ಬಾಡಿಗೆ ಮನೆಯನ್ನೂ ಕಳೆದುಕೊಳ್ಳಬಹುದಿತ್ತು. ನ್ಯಾಯಾಲಯದಲ್ಲಿ ಮಕ್ಕಳ ಪಾಲನೆಯ ಹಕ್ಕನ್ನೂ ಕಳೆದುಕೊಳ್ಳಬಹುದಿತ್ತು. ಮಗುವಿನೊಡನೆ ನಿಂತ ತಾಯಿಯ ಮುಖ ಅಚ್ಚಾದರೆ ಅದೇ ಆಕೆಯ ವಿರುದ್ಧ ಸಾಕ್ಷಿಯಾಗಬಲ್ಲುದು.

ಆದ್ದರಿಂದ ಇಲ್ಲಿ ಒಪ್ಪಿಗೆಯೆಂಬುದು ಒಂದು ಕಾಗದದ ಮೇಲಿನ ರುಜುವಿಗೆ ಸೀಮಿತವಾಗುವುದಿಲ್ಲ. 'ಈ ಚಿತ್ರ ಪ್ರಕಟವಾಗಲಿ' ಎಂಬ ಒಪ್ಪಿಗೆಯ ಜೊತೆಗೆ 'ಲೆಸ್ಬಿಯನ್ ಎಂಬ ಶೀರ್ಷಿಕೆಯಡಿ ಪ್ರಕಟವಾಗಲಿ' ಎಂಬ ಇನ್ನೊಂದು ಒಪ್ಪಿಗೆಯೂ ಬೇಕಿತ್ತು. ಎರಡನೆಯದನ್ನು ಕೊಡಲಾರದವರು ಗ್ರಂಥದಲ್ಲಿ ಇರುವಂತಿರಲಿಲ್ಲ. ಇದರಿಂದ ಗ್ರಂಥಕ್ಕೆ ಒಂದು ಮಿತಿ ಸಹಜವಾಗಿ ಒದಗುತ್ತದೆ. ಅದು ಲೆಸ್ಬಿಯನ್ ಸಮುದಾಯದ ಪ್ರಾತಿನಿಧಿಕ ಚಿತ್ರಣವಲ್ಲ, ಕಾಣಿಸಿಕೊಳ್ಳುವ ಧೈರ್ಯವೂ ಅವಕಾಶವೂ ಇದ್ದವರ ಚಿತ್ರಣ. ಕುಲನಾಮವನ್ನು ಬಿಟ್ಟ ಆ ಅಡಿಬರಹಗಳು ಹೆಸರಿಸುವ ಹಂಬಲ ಮತ್ತು ರಕ್ಷಿಸುವ ಹೊಣೆ ಇವೆರಡರ ನಡುವಿನ ಒಪ್ಪಂದದಂತಿವೆ. ಈ ದ್ವಂದ್ವವನ್ನು ಮರೆಮಾಚದೆ ಉಳಿಸಿಕೊಂಡಿರುವುದರಲ್ಲಿಯೇ ಗ್ರಂಥದ ಪ್ರಾಮಾಣಿಕತೆಯಿದೆ.

3. ಪ್ರದರ್ಶನವಾಗಿ ಚರಿತ್ರೆ

ಗ್ರಂಥಕ್ಕಿಂತಲೂ ವಿಶಿಷ್ಟವಾದ ಕೊಡುಗೆಯೆಂದರೆ 1979ರಿಂದ ಕೆಲವು ವರ್ಷಗಳ ಕಾಲ ಬೈರೆನ್ ಅವರು ಊರಿಂದೂರಿಗೆ ಹೊತ್ತು ತಿರುಗಿದ ಸ್ಲೈಡ್ ಪ್ರದರ್ಶನ. 'ಲೆಸ್ಬಿಯನ್ ಇಮೇಜಸ್ ಇನ್ ಫೊಟೋಗ್ರಫಿ' ಎಂಬ ಹೆಸರಿನ ಈ ಪ್ರದರ್ಶನವು 1850ರಿಂದ ಸಮಕಾಲೀನದವರೆಗಿನ ನೂರಾರು ಚಿತ್ರಗಳನ್ನು ಒಳಗೊಂಡಿತ್ತು. ಸಮುದಾಯದವರು ಇದನ್ನು 'ಡೈಕ್ ಷೋ' ಎಂದು ಕರೆದರು. ಬೈಗುಳವಾಗಿ ಬಳಕೆಯಾಗುತ್ತಿದ್ದ ಪದವೊಂದನ್ನು ಬೈಸಿಕೊಂಡವರೇ ಹೆಮ್ಮೆಯ ಅಂಕಿತವಾಗಿ ಮಾಡಿಕೊಂಡ ಉದಾಹರಣೆ ಇದು. ಕತ್ತಲ ಕೋಣೆಯಲ್ಲಿ ನೆರೆದ ಸ್ತ್ರೀಯರ ಮುಂದೆ ಒಂದೊಂದೇ ಚಿತ್ರವನ್ನು ತೆರೆಯ ಮೇಲೆ ಮೂಡಿಸಿ, ಪಕ್ಕದಲ್ಲಿ ನಿಂತು ಅದರ ಕಥೆಯನ್ನು ಹೇಳುವುದು ಪ್ರದರ್ಶನದ ಕ್ರಮ.

ಇದನ್ನು ಉಪನ್ಯಾಸವೆನ್ನುವುದಕ್ಕಿಂತ ಪ್ರದರ್ಶನಕಲೆಯೆಂದು ಪರಿಗಣಿಸುವುದು ಹೆಚ್ಚು ಸೂಕ್ತ. ರಿಚರ್ಡ್ ಬೌಮನ್ ಮೊದಲಾದ ವಿದ್ವಾಂಸರು ಪ್ರತಿಪಾದಿಸಿದಂತೆ ಮೌಖಿಕ ಕಲೆಯ ಅರ್ಥವು ಪಠ್ಯದಲ್ಲಿಯೇ ಪೂರ್ಣವಾಗಿ ಅಡಗಿರುವುದಿಲ್ಲ. ಹೇಳುವವರು, ಕೇಳುವವರು, ಸಂದರ್ಭ ಇವು ಕೂಡಿದಾಗ ಅದು ಹುಟ್ಟುತ್ತದೆ. ತೊಗಲುಗೊಂಬೆಯು ಬೆಳಕು ಮತ್ತು ಭಾಗವತನ ಮಾತು ಇಲ್ಲದೆ ಬರಿಯ ಚರ್ಮವಾಗಿರುವಂತೆ, ಇಲ್ಲಿಯ ಅನೇಕ ಹಳೆಯ ಚಿತ್ರಗಳು ಆ ಕೋಣೆಯ ಹೊರಗೆ ಬೇರೆಯೇ ಅರ್ಥವನ್ನು ಹೊಂದಿದ್ದವು. ವಸ್ತುಸಂಗ್ರಹಾಲಯದ ಕಡತದಲ್ಲಿ ಅವು ವಿಕ್ಟೋರಿಯನ್ ಕಾಲದ ಉಡುಪಿನ ಮಾದರಿಗಳು. ಆ ಕೋಣೆಯಲ್ಲಿ ಅವು ಪೂರ್ವಿಕರ ಮುಖಗಳು.

ಆಲಿಸ್ ಆಸ್ಟೆನ್ (1866-1952) ಅವರ ಚಿತ್ರಗಳು ಇದಕ್ಕೆ ಒಳ್ಳೆಯ ಉದಾಹರಣೆ. ನ್ಯೂಯಾರ್ಕಿನ ಸ್ಟೇಟನ್ ಐಲೆಂಡಿನ ನಿವಾಸಿಯಾದ ಅವರು 1891ರ ಸುಮಾರಿಗೆ ತಮ್ಮ ಗೆಳತಿಯರನ್ನು ಪರಸ್ಪರ ಅಪ್ಪಿ ನಿಂತ ಭಂಗಿಗಳಲ್ಲಿ, ಮುಖವಾಡ ತೊಟ್ಟ ವೇಷಗಳಲ್ಲಿ ಚಿತ್ರಿಸಿದರು. 1899ರಲ್ಲಿ ಪರಿಚಯವಾದ ಗರ್ಟ್ರೂಡ್ ಟೇಟ್ ಅವರೊಡನೆ ಆಸ್ಟೆನ್ ಅವರ ಒಡನಾಟ ಕೊನೆಯವರೆಗೂ ಉಳಿಯಿತು. ದಶಕಗಳ ಕಾಲ ಅವರಿಬ್ಬರೂ ಒಂದೇ ಮನೆಯಲ್ಲಿ ಬಾಳಿದರು. 1929ರ ಆರ್ಥಿಕ ಕುಸಿತದಲ್ಲಿ ಸಂಪತ್ತನ್ನು ಕಳೆದುಕೊಂಡು, 1945ರಲ್ಲಿ ಮನೆಯನ್ನೂ ಕಳೆದುಕೊಂಡರು. ಮುಪ್ಪಿನಲ್ಲಿ ಆಸ್ಟೆನ್ ಬಡವರ ಆಶ್ರಯಧಾಮವನ್ನು ಸೇರಬೇಕಾಯಿತು. ಒಂದೆಡೆ ಸಮಾಧಿಯಾಗಬೇಕೆಂಬ ಅವರ ಬಯಕೆಯನ್ನೂ ಬಂಧುಗಳು ನೆರವೇರಿಸಲಿಲ್ಲ. ಆಸ್ಟೆನ್ ಅವರ ಮನೆ ಸ್ಮಾರಕವಾದ ಮೇಲೂ ಈ ಸಂಬಂಧವು ಬಹುಕಾಲ ಮೌನದಲ್ಲಿಯೇ ಇತ್ತು. 1994ರಲ್ಲಿ 'ಲೆಸ್ಬಿಯನ್ ಅವೆಂಜರ್ಸ್' ಸಂಘಟನೆಯ ಹೋರಾಟಗಾರ್ತಿಯರು ಆ ಮೌನದ ವಿರುದ್ಧ ಮನೆಯ ಆವರಣದಲ್ಲಿ ಪ್ರತಿಭಟಿಸಿದರು. ರಾಷ್ಟ್ರೀಯ ಪಾರಂಪರಿಕ ಸ್ಥಳಗಳ ದಾಖಲೆಯಲ್ಲಿ ಈ ಸಂಬಂಧದ ಉಲ್ಲೇಖ ಸೇರಿದ್ದು 2017ರಲ್ಲಿ. ಬೈರೆನ್ ಅವರ ಕತ್ತಲ ಕೋಣೆಗಳಲ್ಲಿ ಸಮುದಾಯವು ಕಂಡುಕೊಂಡುದನ್ನು ಅಧಿಕೃತ ದಾಖಲೆ ಒಪ್ಪಿಕೊಳ್ಳಲು ಮೂರು ದಶಕಗಳಿಗೂ ಹೆಚ್ಚು ಕಾಲ ಹಿಡಿಯಿತು.

ಆದರೆ ಎಲ್ಲ ನಿದರ್ಶನಗಳೂ ಇಷ್ಟು ಸ್ಪಷ್ಟವಲ್ಲ. ಫ್ರಾನ್ಸಿಸ್ ಬೆಂಜಮಿನ್ ಜಾನ್‌ಸ್ಟನ್ ಅವರು 1896ರ ಸುಮಾರಿಗೆ ತೆಗೆದುಕೊಂಡ ಸ್ವಚಿತ್ರದಲ್ಲಿ ಒಳಲಂಗ ಕಾಣುವಂತೆ ಕಾಲಮೇಲೆ ಕಾಲು ಹಾಕಿ, ಒಂದು ಕೈಯಲ್ಲಿ ಸಿಗರೇಟು, ಇನ್ನೊಂದರಲ್ಲಿ ಬಿಯರ್ ಪಾತ್ರೆ ಹಿಡಿದಿದ್ದಾರೆ. ಅದು ಆ ಕಾಲದ 'ನವಮಹಿಳೆ'ಯ ಪ್ರತಿಮೆಯೂ ಆಗಬಹುದು, ಲೆಸ್ಬಿಯನ್ ಇಂಗಿತವೂ ಆಗಬಹುದು. ಬೆರೆನಿಸ್ ಅಬಟ್ (1898-1991) ಅವರ ವಿಷಯ ಇನ್ನೂ ತೊಡಕಿನದು. ಕಲಾವಿಮರ್ಶಕಿ ಎಲಿಜಬೆತ್ ಮೆಕಾಸ್‌ಲ್ಯಾಂಡ್ ಅವರೊಡನೆ ದೀರ್ಘಕಾಲ ಬಾಳಿದ ಅಬಟ್ ತಮ್ಮನ್ನು ಲೆಸ್ಬಿಯನ್ ಎಂದು ಸಾರ್ವಜನಿಕವಾಗಿ ಗುರುತಿಸುವುದನ್ನು ಒಪ್ಪಲಿಲ್ಲ. ಅಂಥವರ ಚಿತ್ರಗಳನ್ನು ಈ ಪರಂಪರೆಯಲ್ಲಿ ಸೇರಿಸುವಾಗ ಒಪ್ಪಿಗೆಯ ಪ್ರಶ್ನೆ ಮತ್ತೆ ತಲೆಯೆತ್ತುತ್ತದೆ. ಬದುಕಿರುವ ಸಾಮಾನ್ಯ ಸ್ತ್ರೀಯರ ಎರಡು ಪಟ್ಟು ಒಪ್ಪಿಗೆಯನ್ನು ಬೇಡಿದ ಪದ್ಧತಿಯು ಗತಕಾಲದವರ ವಿಷಯದಲ್ಲಿ, ಒಪ್ಪದವರ ವಿಷಯದಲ್ಲಿ ಅದನ್ನು ಸಡಿಲಿಸಬಹುದೇ?

1983ರಲ್ಲಿ ಪ್ರಕಟವಾದ, 'ನಮ್ಮ ಕಣ್ಣುಗಳಿಂದಲೇ ನೋಡುವುದು' ಎಂಬ ಅರ್ಥದ ಉಪಶೀರ್ಷಿಕೆಯುಳ್ಳ ತಮ್ಮ ಲೇಖನದಲ್ಲಿ ಬೈರೆನ್ ಅವರು ಈ ಬಗೆಯ ಓದಿಗೆ ಸೈದ್ಧಾಂತಿಕ ನೆಲೆಯನ್ನು ಒದಗಿಸಲು ಯತ್ನಿಸಿದ್ದಾರೆ. ಚಿತ್ರದ ಅರ್ಥವು ಚಿತ್ರಕಾರಳು, ಚಿತ್ರಿತಳು, ನೋಡುವವಳು ಇವರ ನಡುವಿನ ಸಂಬಂಧದಲ್ಲಿದೆ ಎಂಬುದು ಅವರ ನಿಲುವಿನ ತಿರುಳು. ಇದನ್ನು ಒಪ್ಪಿದರೂ ಎರಡು ಹೇಳಿಕೆಗಳನ್ನು ಬೇರ್ಪಡಿಸಿ ನೋಡಬೇಕಾಗುತ್ತದೆ. 'ಈ ಚಿತ್ರದಲ್ಲಿ ಲೆಸ್ಬಿಯನ್ ಸಮುದಾಯವು ತನ್ನನ್ನು ಗುರುತಿಸಿಕೊಂಡಿತು' ಎಂಬುದು ಒಂದು. 'ಈ ಚಿತ್ರದಲ್ಲಿರುವವಳು ಲೆಸ್ಬಿಯನ್' ಎಂಬುದು ಇನ್ನೊಂದು. ಮೊದಲನೆಯದು 1979ರ ನಂತರದ ಪ್ರೇಕ್ಷಕರ ಕುರಿತಾದ ಸತ್ಯ, ಎರಡನೆಯದು 1890ರ ದಶಕದ ವ್ಯಕ್ತಿಯ ಕುರಿತಾದ ಪ್ರತಿಪಾದನೆ. ಐತಿಹ್ಯಗಳ ಅಧ್ಯಯನದಲ್ಲಿ ಈ ವಿವೇಕ ಚಿರಪರಿಚಿತವಾದುದು. ಕುಲಪುರುಷನ ಐತಿಹ್ಯವು ಆ ಪುರುಷನ ಬಗೆಗೆ ಹೇಳುವುದಕ್ಕಿಂತ ಹೆಚ್ಚಾಗಿ ಅದನ್ನು ಹೇಳುವ ಕುಲದ ಬಗೆಗೆ ಹೇಳುತ್ತದೆ. ಡೈಕ್ ಷೋ ಈ ಅರ್ಥದಲ್ಲಿ ಒಂದು ಕುಲಕಥನ. ಕುಲವೇ ಇಲ್ಲವೆಂದು ಹೇಳಿಸಿಕೊಂಡವರಿಗೆ ಅದು ಒದಗಿಸಿದ ಆಸರೆಯನ್ನು ಅಲಕ್ಷಿಸುವುದು ಸಂಶೋಧನೆಯ ಲಕ್ಷಣವಲ್ಲ. ಅದನ್ನೇ ನಿರ್ಣಾಯಕ ಪ್ರಮಾಣವೆಂದು ಸ್ವೀಕರಿಸುವುದೂ ಅಲ್ಲ.

4. ಮೆರವಣಿಗೆಯ ದಾಖಲೆಗಳು

ಸ್ಥಿರಚಿತ್ರದಿಂದ ಚಲಿಸುವ ಚಿತ್ರಕ್ಕೆ ಬೈರೆನ್ ಅವರ ಪಯಣ ಚಳವಳಿಯ ಬೆಳವಣಿಗೆಯೊಂದಿಗೆ ಹೆಣೆದುಕೊಂಡಿದೆ. 1987ರಲ್ಲಿ ಅವರ ಎರಡನೆಯ ಗ್ರಂಥ 'ಮೇಕಿಂಗ್ ಎ ವೇ: ಲೆಸ್ಬಿಯನ್ಸ್ ಔಟ್ ಫ್ರಂಟ್' ಪ್ರಕಟವಾಯಿತು. ಅದೇ ವರ್ಷದ ಅಕ್ಟೋಬರ್ 11ರಂದು ವಾಷಿಂಗ್ಟನ್ನಿನಲ್ಲಿ ಲೆಸ್ಬಿಯನ್ ಮತ್ತು ಗೇ ಹಕ್ಕುಗಳಿಗಾಗಿ ಎರಡನೆಯ ರಾಷ್ಟ್ರೀಯ ಮೆರವಣಿಗೆ ನಡೆಯಿತು. ಈ ಘಟನೆಯನ್ನು ಆಧರಿಸಿದ ಬೈರೆನ್ ಅವರ ಸಾಕ್ಷ್ಯಚಿತ್ರ 'ಫಾರ್ ಲವ್ ಅಂಡ್ ಫಾರ್ ಲೈಫ್' 1988ರಲ್ಲಿ ಹೊರಬಂದಿತು. 1993ರ ಏಪ್ರಿಲ್ 25ರ ಮೆರವಣಿಗೆಯನ್ನು ಕುರಿತದ್ದು 'ಎ ಸಿಂಪಲ್ ಮ್ಯಾಟರ್ ಆಫ್ ಜಸ್ಟಿಸ್'.

1987ರ ಸಂದರ್ಭ ವಿಶೇಷವಾದುದು. ಏಡ್ಸ್‌ನಿಂದ ಮಡಿದವರ ಹೆಸರುಗಳನ್ನು ಹೊಲಿದ ಸ್ಮಾರಕ ಕೌದಿಯನ್ನು ರಾಜಧಾನಿಯ ನ್ಯಾಷನಲ್ ಮಾಲ್ ಬಯಲಿನಲ್ಲಿ ಮೊದಲ ಬಾರಿಗೆ ಹಾಸಿದ್ದು ಅಂದೇ. ಅದರಲ್ಲಿ 1,920 ತುಂಡುಗಳಿದ್ದವು. ಮನೆಯ ಹಳೆಯ ಬಟ್ಟೆಗಳನ್ನು ಜೋಡಿಸಿ ಹೊಲಿಯುವ ಕೌದಿ ಅಮೆರಿಕದ ಜನಪದ ಸ್ತ್ರೀಯರ ಕಲೆ. ಸಾವಿನ ಕಾರಣವನ್ನು ಬಂಧುಗಳು ಮುಚ್ಚಿಟ್ಟ ಕಾಲದಲ್ಲಿ ಆ ಕಲೆ ಹೆಸರನ್ನು ಬಯಲಲ್ಲಿ ಬಿಡಿಸಿಡುವ ಸಾಧನವಾಯಿತು. ಕೌದಿಯೂ ಬೈರೆನ್ ಅವರ ಚಿತ್ರಗಳೂ ಇಲ್ಲಿ ಒಂದೇ ಕೆಲಸವನ್ನು ಮಾಡುತ್ತಿವೆ.

ಮೆರವಣಿಗೆಯ ಚಿತ್ರಗಳಿಗೆ ಅವುಗಳದೇ ದೌರ್ಬಲ್ಯವಿದೆ. ಭಾಷಣ, ಘೋಷಣೆ, ಹರ್ಷೋದ್ಗಾರಗಳ ನಡುವೆ ಸಂಘಟನೆಯೊಳಗಿನ ಭಿನ್ನಮತಗಳಿಗೆ ಹೆಚ್ಚು ಅವಕಾಶ ಸಿಗುವುದಿಲ್ಲ. ಬಂದವರನ್ನು ಕ್ಯಾಮರಾ ಕಾಣುತ್ತದೆ. ರಜೆ ಸಿಗದೆ, ಪ್ರಯಾಣದ ಹಣವಿಲ್ಲದೆ, ಗುರುತು ಬಯಲಾದೀತೆಂಬ ಭಯದಿಂದ ಬಾರದವರನ್ನು ಕಾಣಲಾರದು. ಇವನ್ನು ಜಾತ್ರೆಯ ದಾಖಲೆಗಳಂತೆ ಓದಬೇಕು. ಜಾತ್ರೆಯು ಊರಿನ ಸ್ವರೂಪವನ್ನು ತೋರಿಸುವುದು ನಿಜ, ಆದರೆ ಉಳಿದ ದಿನಗಳ ಊರನ್ನು ಅದು ತೋರಿಸುವುದಿಲ್ಲ. ಆ ಉಳಿದ ದಿನಗಳ ಕಡೆಗೂ ಬೈರೆನ್ ಅವರ ಗಮನ ಹರಿದಿತ್ತು ಎಂಬುದಕ್ಕೆ ಲೆಸ್ಬಿಯನ್ ರೋಗಿಗಳು ಆರೋಗ್ಯ ಸೇವೆಯಲ್ಲಿ ಎದುರಿಸುವ ಅಡ್ಡಿಗಳನ್ನು ಕುರಿತ 'ರಿಮೂವಿಂಗ್ ದ ಬ್ಯಾರಿಯರ್ಸ್' ಸಾಕ್ಷಿಯಾಗಿದೆ.

5. ಗುಟ್ಟಿನಿಂದ ಹೆಸರಿನವರೆಗೆ: 'ನೋ ಸೀಕ್ರೆಟ್ ಎನಿಮೋರ್'

2003ರಲ್ಲಿ ಪೂರ್ಣಗೊಂಡ 'ನೋ ಸೀಕ್ರೆಟ್ ಎನಿಮೋರ್: ದ ಟೈಮ್ಸ್ ಆಫ್ ಡೆಲ್ ಮಾರ್ಟಿನ್ ಅಂಡ್ ಫಿಲಿಸ್ ಲಯನ್' ಬೈರೆನ್ ಅವರ ಸಾಕ್ಷ್ಯಚಿತ್ರಗಳಲ್ಲಿ ಸಮುದಾಯದ ಚರಿತ್ರೆಯ ದೃಷ್ಟಿಯಿಂದ ಅತ್ಯಂತ ಮಹತ್ವದ್ದು. ಡೆಲ್ ಮಾರ್ಟಿನ್ (1921-2008) ಮತ್ತು ಫಿಲಿಸ್ ಲಯನ್ (1924-2020) ಅವರು ಇತರ ಮೂರು ಜೋಡಿಗಳೊಂದಿಗೆ ಸೇರಿ 1955ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ 'ಡಾಟರ್ಸ್ ಆಫ್ ಬಿಲಿಟಿಸ್' ಎಂಬ ಸಂಘವನ್ನು ಸ್ಥಾಪಿಸಿದರು. ಅಮೆರಿಕದ ಮೊದಲ ಲೆಸ್ಬಿಯನ್ ಸಂಘಟನೆಯಿದು. ಪೊಲೀಸರ ದಾಳಿಗೆ ಗುರಿಯಾಗುತ್ತಿದ್ದ ಬಾರುಗಳ ಹೊರಗೆ ಸ್ತ್ರೀಯರು ಕೂಡಿ ಮಾತನಾಡಲು, ಕುಣಿಯಲು ಒಂದು ಗುಟ್ಟಿನ ತಾಣ ಬೇಕೆಂಬುದು ಮೂಲ ಆಶಯ. 1953ರ ಅಧ್ಯಕ್ಷೀಯ ಆಜ್ಞೆಯ ಬಲದಿಂದ ಸಲಿಂಗಪ್ರೇಮಿಗಳನ್ನು ಸರ್ಕಾರಿ ಉದ್ಯೋಗದಿಂದ ಹೊರಹಾಕುತ್ತಿದ್ದ ಕಾಲವದು.

ಸಂಘದ ಹೆಸರೇ ಒಂದು ಒಗಟು. ಫ್ರೆಂಚ್ ಲೇಖಕ ಪಿಯೆರ್ ಲೂಯಿ ಅವರ 1894ರ ಕೃತಿಯೊಂದರ ಕಲ್ಪಿತ ಪಾತ್ರ ಬಿಲಿಟಿಸ್. ತಿಳಿದವರಿಗೆ ಅದು ಸಂಕೇತ, ತಿಳಿಯದವರಿಗೆ ಯಾವುದೋ ಸಂಭಾವಿತ ಮಹಿಳಾ ಸಮಾಜದ ಹೆಸರು. 1956ರಲ್ಲಿ ಆರಂಭವಾದ ಸಂಘದ ಪತ್ರಿಕೆ 'ದಿ ಲ್ಯಾಡರ್' 1972ರವರೆಗೆ ಪ್ರಕಟವಾಯಿತು. ಅದರ ಮೊದಲ ಸಂಪಾದಕಿಯಾದ ಲಯನ್ ಅವರು ಆನ್ ಫರ್ಗುಸನ್ ಎಂಬ ಕಲ್ಪಿತ ಹೆಸರಿನಲ್ಲಿ ಕೆಲಸಮಾಡಿದರು. ಚಂದಾದಾರರ ಹೆಸರುಗಳು ಸುರಕ್ಷಿತವೆಂದು ಓದುಗರಿಗೆ ಅಭಯ ನೀಡಿದ ಬರಹಕ್ಕೂ ಆ ಕಲ್ಪಿತ ಹೆಸರೇ ಇತ್ತು. ಇತರರಿಗೆ ಅಭಯ ನೀಡುವವಳೇ ತನ್ನ ಹೆಸರನ್ನು ಮರೆಸಿಕೊಳ್ಳುವುದು ಸಲ್ಲದೆಂಬಂತೆ, 1957ರ ಆರಂಭದಲ್ಲಿ ಪತ್ರಿಕೆಯಲ್ಲಿಯೇ ಆನ್ ಫರ್ಗುಸನ್‌ಳ ಮರಣವನ್ನು ಘೋಷಿಸಿ ಲಯನ್ ತಮ್ಮ ನಿಜನಾಮವನ್ನು ಮುಂದಿಟ್ಟರು. ಸಾಕ್ಷ್ಯಚಿತ್ರದ ಶೀರ್ಷಿಕೆಯು ಸೂಚಿಸುವ 'ಇನ್ನು ಗುಟ್ಟಿಲ್ಲ' ಎಂಬ ಸ್ಥಿತ್ಯಂತರದ ಬೀಜ ಈ ಘಟನೆಯಲ್ಲಿದೆ. 1979ರಲ್ಲಿ ಹೆಸರಿನೊಂದಿಗೆ ಕ್ಯಾಮರಾದ ಮುಂದೆ ನಿಂತ ಸ್ತ್ರೀಯರ ಬೆನ್ನಿಗೆ 1957ರ ಈ ಕಲ್ಪಿತ ಮರಣವಿದೆ.

ಆ ಇಬ್ಬರ ಬದುಕು ಲೆಸ್ಬಿಯನ್ ಚಳವಳಿಯೊಂದಕ್ಕೇ ಸೀಮಿತವಾಗಿರಲಿಲ್ಲ. ಇಬ್ಬರೂ ಕೂಡಿ ಬರೆದ 'ಲೆಸ್ಬಿಯನ್/ವುಮನ್' (1972), ಗೃಹಹಿಂಸೆಯನ್ನು ಕುರಿತ ಮಾರ್ಟಿನ್ ಅವರ 'ಬ್ಯಾಟರ್ಡ್ ವೈವ್ಸ್' (1976), ಮುಪ್ಪಿನಲ್ಲಿ ವೃದ್ಧರ ಹಕ್ಕುಗಳಿಗಾಗಿ ಇಬ್ಬರೂ ನಡೆಸಿದ ಕೆಲಸ ಇವು ಇದಕ್ಕೆ ನಿದರ್ಶನ. ಚಿತ್ರವು ಇಬ್ಬರು ವೃದ್ಧೆಯರ ಮಾತು ಮತ್ತು ಹಳೆಯ ದಾಖಲೆಗಳ ಮೂಲಕ ಅರ್ಧ ಶತಮಾನದ ಸಾಮಾಜಿಕ ಚರಿತ್ರೆಯನ್ನು ಹೆಣೆಯುತ್ತದೆ. ಅದು ಪೂರ್ಣಗೊಂಡ ಮರುವರ್ಷ, 2004ರ ಫೆಬ್ರವರಿ 12ರಂದು, ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಅವರಿಬ್ಬರ ಮದುವೆ ನಡೆಯಿತು. ಆಗಸ್ಟ್ ತಿಂಗಳಿನಲ್ಲಿ ನ್ಯಾಯಾಲಯವು ಅದನ್ನು ಅಸಿಂಧುಗೊಳಿಸಿತು. 2008ರ ಜೂನ್ 16ರಂದು ಮತ್ತೆ ಮದುವೆಯಾದರು, ಅದೇ ಆಗಸ್ಟ್ ತಿಂಗಳಿನಲ್ಲಿ ಮಾರ್ಟಿನ್ ತೀರಿಕೊಂಡರು. ಮದುವೆಯ ಸುದ್ದಿಯಿಂದ ಜಗತ್ಪ್ರಸಿದ್ಧರಾಗುವ ಮುನ್ನವೇ ಅವರ ಬದುಕನ್ನು ಚಳವಳಿಯ ಬದುಕಾಗಿ ದಾಖಲಿಸಿರುವುದು ಈ ಚಿತ್ರಕ್ಕೆ ಒದಗಿದ ಭಾಗ್ಯ. ಆ ಸಂಬಂಧದ ಅರ್ಥವನ್ನು ಹುಡುಕಲು ಅದಕ್ಕೆ ಮದುವೆಯ ಆಧಾರ ಬೇಕಾಗಿಲ್ಲ.

ಆದರೆ ಇಬ್ಬರ ಜೀವನವನ್ನು ಕೇಂದ್ರವಾಗಿಸಿಕೊಂಡ ರಚನೆಯಲ್ಲಿ ಉಳಿದವರು ಹಿನ್ನೆಲೆಗೆ ಸರಿಯುತ್ತಾರೆ. ಸಂಘದ ಮೂಲ ಕಲ್ಪನೆ ರೋಸ್ ಬ್ಯಾಂಬರ್ಗರ್ ಎಂಬ ಫಿಲಿಪಿನಾ ಮೂಲದ ಸ್ತ್ರೀಯದು. ಸಂಘವು ಬರಿಯ ಗುಟ್ಟಿನ ಕೂಟವಾಗಿಯೇ ಇರಬೇಕೆಂದು ಬಯಸಿದ ಕೆಲವರು ಬೇಗನೆ ಹೊರನಡೆದರು. ಸಂಘವನ್ನು ಕುರಿತ ಮಾರ್ಸಿಯಾ ಗ್ಯಾಲೋ ಅವರ 'ಡಿಫರೆಂಟ್ ಡಾಟರ್ಸ್' (2006) ಈ ಒಳಬಿರುಕುಗಳನ್ನು ವಿವರಿಸುತ್ತದೆ. ಸಮಾಜಕ್ಕೆ ಒಪ್ಪಿಗೆಯಾಗುವ ಉಡುಪು, ನಡವಳಿಕೆಗಳನ್ನು ಸಂಘವು ಸದಸ್ಯೆಯರಿಗೆ ಬೋಧಿಸಿತು. ಗಂಡುಡುಗೆ ತೊಟ್ಟು ಬಾರುಗಳಲ್ಲಿ ಸೇರುತ್ತಿದ್ದ ದುಡಿಯುವ ವರ್ಗದ ಸ್ತ್ರೀಯರನ್ನು ಈ ಸಂಭಾವಿತತನದ ಆದರ್ಶವು ದೂರವಿಟ್ಟಿತು ಎಂಬ ಟೀಕೆಯನ್ನು ಅಲ್ಲಗಳೆಯುವಂತಿಲ್ಲ. ಗುಟ್ಟು ಯಾರಿಗೆ ಸಂಕೋಲೆಯಾಗಿತ್ತು, ಯಾರಿಗೆ ಆಸರೆಯಾಗಿತ್ತು ಎಂಬ ಪ್ರಶ್ನೆಗೆ 'ಗುಟ್ಟಿಲ್ಲ' ಎಂಬ ವಿಜಯದ ಶೀರ್ಷಿಕೆಯೊಂದೇ ಉತ್ತರವಾಗದು.

6. ಇತರ ಮಾರ್ಗಗಳೊಡನೆ ಹೋಲಿಕೆ

ಬೈರೆನ್ ಅವರ ಮಾರ್ಗದ ಸ್ವರೂಪವನ್ನು ಅದೇ ಕಾಲದ ಇತರ ಮಾರ್ಗಗಳೊಡನೆ ಇಟ್ಟಾಗ ಸ್ಪಷ್ಟವಾಗಿ ಗುರುತಿಸಬಹುದು. ಬಾರ್ಬರಾ ಹ್ಯಾಮರ್ (1939-2019) ಅವರ 'ನೈಟ್ರೇಟ್ ಕಿಸಸ್' (1992) ಕಳೆದುಹೋದ ಚರಿತ್ರೆಯನ್ನು ಕಳೆದುಹೋದುದಾಗಿಯೇ ತೋರಿಸುತ್ತದೆ. ಛಿದ್ರಗೊಂಡ ಹಳೆಯ ಚಿತ್ರಸುರುಳಿಗಳು, ಬಿಟ್ಟುಹೋದ ಸ್ಥಳಗಳು, ಮಾತಿಗೂ ದೃಶ್ಯಕ್ಕೂ ನಡುವಿನ ಅಂತರ ಇವುಗಳ ಮೂಲಕ ಗೈರುಹಾಜರಿಯೇ ಅಲ್ಲಿ ವಸ್ತುವಾಗುತ್ತದೆ. ಬೈರೆನ್ ಅವರು ಗೈರುಹಾಜರಿಯ ಜಾಗದಲ್ಲಿ ಹಾಜರಿಯನ್ನು ತುಂಬುತ್ತಾರೆ. ಹ್ಯಾಮರ್ ಪ್ರೇಕ್ಷಕರಲ್ಲಿ ಸಂದೇಹವನ್ನು ಬಿತ್ತಿದರೆ ಬೈರೆನ್ ವಿಶ್ವಾಸವನ್ನು ಬಿತ್ತುತ್ತಾರೆ.

ಇನ್ನೊಂದು ಮಾರ್ಗ ಮೌಖಿಕ ಚರಿತ್ರೆಯದು. ಎಲಿಜಬೆತ್ ಲಪಾವ್‌ಸ್ಕಿ ಕೆನಡಿ ಮತ್ತು ಮ್ಯಾಡಲಿನ್ ಡೇವಿಸ್ ಅವರು ಬಫಲೋ ನಗರದ ದುಡಿಯುವ ವರ್ಗದ ಲೆಸ್ಬಿಯನ್ನರನ್ನು ದೀರ್ಘಕಾಲ ಸಂದರ್ಶಿಸಿ ರಚಿಸಿದ 'ಬೂಟ್ಸ್ ಆಫ್ ಲೆದರ್, ಸ್ಲಿಪ್ಪರ್ಸ್ ಆಫ್ ಗೋಲ್ಡ್' (1993) ಬಾರುಗಳ ಒಳಗಿನ ಜಗಳ, ಹೊಡೆದಾಟ, ನಡೆನುಡಿಯ ಕಟ್ಟುಪಾಡುಗಳನ್ನು ನಿಸ್ಸಂಕೋಚವಾಗಿ ದಾಖಲಿಸುತ್ತದೆ. ಅಲ್ಲಿ ನಿರೂಪಕಿಯರ ನಿಜನಾಮಗಳನ್ನು ಮರೆಸಲಾಗಿದೆ. ಹೆಸರು ಮರೆಯಾದುದರಿಂದಲೇ ಹೇಳಲಾಗದುದನ್ನು ಹೇಳಲು ಸಾಧ್ಯವಾಯಿತು. ಬೈರೆನ್ ಅವರಲ್ಲಿ ಹೆಸರಿದೆ, ಮುಖವಿದೆ, ಆದ್ದರಿಂದಲೇ ನೋವು ಜಗಳಗಳ ಮಾತು ಕಡಿಮೆ. ಒಂದು ವಿಧಾನವು ವ್ಯಕ್ತಿಯನ್ನು ಮರೆಸಿ ಅನುಭವವನ್ನು ಉಳಿಸಿದರೆ ಇನ್ನೊಂದು ವ್ಯಕ್ತಿಯನ್ನು ಉಳಿಸಿ ಅನುಭವದ ಒಂದು ಭಾಗವನ್ನು ಬಿಟ್ಟುಕೊಡುತ್ತದೆ. ಸಮುದಾಯದ ಚರಿತ್ರೆಗೆ ಎರಡೂ ಬೇಕು.

ಸಮಾರೋಪ

ಬೈರೆನ್ ಅವರ ಕಾಗದಪತ್ರಗಳು, ಚಿತ್ರಗಳು ಸ್ಮಿತ್ ಕಾಲೇಜಿನ ಸೋಫಿಯಾ ಸ್ಮಿತ್ ಸಂಗ್ರಹದಲ್ಲಿ ಸುರಕ್ಷಿತವಾಗಿವೆ. ಸಮುದಾಯದ ಕೋಣೆಗಳಲ್ಲಿ ಅಲೆದಾಡಿದ ಚಿತ್ರಗಳು ವಿದ್ಯಾಸಂಸ್ಥೆಯ ಪೆಟ್ಟಿಗೆಗಳನ್ನು ಸೇರಿದಾಗ ಅವು ಉಳಿಯುತ್ತವೆ. ಆದರೆ ಅವುಗಳ ಸುತ್ತ ಎದ್ದ ನಗು, ಉದ್ಗಾರ, ಪ್ರಶ್ನೆಗಳು ಪೆಟ್ಟಿಗೆಯನ್ನು ಸೇರುವುದಿಲ್ಲ. ಜನಪದ ಪ್ರದರ್ಶನಗಳ ದಾಖಲಾತಿಯಲ್ಲಿ ಎದುರಾಗುವ ಸಮಸ್ಯೆಯೇ ಇಲ್ಲಿಯೂ ಇದೆ. ಅಂಥ ಪ್ರದರ್ಶನಗಳಲ್ಲಿ ಪಾಲ್ಗೊಂಡವರ ನೆನಪುಗಳನ್ನು ಸಂಗ್ರಹಿಸುವ ಕಾರ್ಯ ಅವರ ಜೀವಿತಕಾಲದಲ್ಲಿಯೇ ಆಗಬೇಕಾದುದು.

ಈ ಚರ್ಚೆ ಅಮೆರಿಕಕ್ಕೆ ಸೀಮಿತವಾದುದಲ್ಲ. ಬೆಂಗಳೂರಿನ ಲೈಂಗಿಕ ಅಲ್ಪಸಂಖ್ಯಾತರ ಬದುಕನ್ನು ಕುರಿತು ಟಿ. ಜಯಶ್ರೀ ಅವರು 'ಮೆನಿ ಪೀಪಲ್, ಮೆನಿ ಡಿಸೈರ್ಸ್' (2004) ಎಂಬ ಸಾಕ್ಷ್ಯಚಿತ್ರವನ್ನು ನಿರ್ಮಿಸಿದಾಗ ಭಾರತೀಯ ದಂಡಸಂಹಿತೆಯ 377ನೇ ಕಲಮು ಪೂರ್ಣ ಜಾರಿಯಲ್ಲಿತ್ತು. ವಯಸ್ಕರ ಸಮ್ಮತಿಯ ಸಂಬಂಧವನ್ನು ಸರ್ವೋಚ್ಚ ನ್ಯಾಯಾಲಯವು ಅದರ ವ್ಯಾಪ್ತಿಯಿಂದ ಹೊರಗಿಟ್ಟಿದ್ದು 2018ರ ಸೆಪ್ಟೆಂಬರ್ 6ರಂದು. ಜಯಶ್ರೀ ಅವರು ವರ್ಷಗಳ ಕಾಲ ಚಿತ್ರೀಕರಿಸಿದ ದೃಶ್ಯಸಾಮಗ್ರಿಯು ಬೆಂಗಳೂರಿನ ರಾಷ್ಟ್ರೀಯ ಕಾನೂನು ಶಾಲೆಯಲ್ಲಿ ನೆಲೆಗೊಂಡ 'ಕಮ್ರಾ' ಸಂಗ್ರಹಾಗಾರದ ತಳಹದಿಯಾಯಿತು. ಹೆಸರು, ಮುಖ, ಒಪ್ಪಿಗೆಗಳ ಪ್ರಶ್ನೆ ಇಂಥ ಸಂಗ್ರಹವನ್ನೂ ಬಿಟ್ಟಿರಲಾರದು. ಅಂದು ಕೊಟ್ಟ ಒಪ್ಪಿಗೆ ಇಂದಿಗೂ ಸಲ್ಲುತ್ತದೆಯೇ, ಅಂದು ಮರೆಸಿದ ಹೆಸರನ್ನು ಇಂದು ಹೇಳಬಹುದೇ ಎಂಬುದನ್ನು ತೀರ್ಮಾನಿಸುವ ಹಕ್ಕು ಸಂಗ್ರಹಕಾರರದಲ್ಲ.

ಕನ್ನಡ ಜಾನಪದ ಸಂಗ್ರಹದ ಆರಂಭದ ಘಟ್ಟದಲ್ಲಿ ಹಾಡು ಅಚ್ಚಾದರೂ ಹಾಡಿದವಳ ಹೆಸರು ಎಷ್ಟೋ ಸಂದರ್ಭಗಳಲ್ಲಿ ಅಚ್ಚಾಗಲಿಲ್ಲ. ತರುವಾಯದ ಸಂಗ್ರಹಗಳಲ್ಲಿ ವಕ್ತೃವಿನ ಹೆಸರು, ವಯಸ್ಸು, ಊರು ಬಂದವು. ಅದು ಶಾಸ್ತ್ರೀಯತೆಯ ಬೆಳವಣಿಗೆಯೆಂದು ಸರಿಯಾಗಿಯೇ ಪರಿಗಣಿತವಾಗಿದೆ. ಬೈರೆನ್ ಅವರ ಕೃತಿಗಳ ಅಧ್ಯಯನವು ಈ ತಿಳಿವಳಿಕೆಗೆ ಇನ್ನೊಂದು ಅಂಶವನ್ನು ಸೇರಿಸುತ್ತದೆ. ಹೆಸರನ್ನು ದಾಖಲಿಸುವುದು ಸಂಶೋಧಕರ ಕರ್ತವ್ಯವಾಗುವ ಮುನ್ನ ಅದು ವಕ್ತೃವಿನ ಹಕ್ಕು. ಹೇಗೆ, ಎಷ್ಟು, ಯಾರ ಮುಂದೆ ಕಾಣಿಸಿಕೊಳ್ಳಬೇಕೆಂಬುದನ್ನು ಆಕೆಯೇ ನಿರ್ಧರಿಸಬೇಕು. ಬೈರೆನ್ ಅವರ ಚಿತ್ರಗಳು ಸಂಭ್ರಮದ ಕಡೆಗೆ ವಾಲಿದರೂ, ಗತವನ್ನು ಓದುವಲ್ಲಿ ಕೆಲವೊಮ್ಮೆ ಆತುರ ತೋರಿದರೂ, ಜೀವಂತ ವ್ಯಕ್ತಿಗಳ ಮುಂದೆ ಕ್ಯಾಮರಾ ಹಿಡಿದಾಗ ಈ ಹಕ್ಕನ್ನು ಮಾನ್ಯಮಾಡಿದವು. ಸಾಕ್ಷ್ಯಚಿತ್ರ ಪರಂಪರೆಗೂ ಸಮುದಾಯದ ಚರಿತ್ರೆಗೂ ಅವರಿಂದ ಸಂದ ಮುಖ್ಯ ಕೊಡುಗೆ ಇದೇ.